ಏಡ್ಸ್‌ನಿಂದ ತೀರಿಹೋದವರ ನೆನಪಿಗೆ ಕೌದಿ ಪ್ಯಾನೆಲ್ ಹೊಲಿಯೋದು ಹೇಗೆ

ಪ್ಯಾನೆಲ್ ಅಂದರೆ ತೀರಿಹೋದವರ ಹೆಸರು ಹಾಕಿದ ಬಟ್ಟೆಯ ತುಂಡು, ಇಂಥವನ್ನು ಸೇರಿಸಿದರೆ ಕೌದಿ. ಬಟ್ಟೆ ಹುಡುಕೋಕೆ ಹೋಗುವ ಮೊದಲು ಅಳತೆ ತಿಳಿದುಕೊಳ್ಳಿ. ಅಗಲ 3 ಅಡಿ, ಉದ್ದ 6 ಅಡಿ. ಒಬ್ಬ ಮನುಷ್ಯನನ್ನು ಹೂಳುವ ಜಾಗದಷ್ಟು. ಬೇಕೆಂದೇ ಇಟ್ಟ ಅಳತೆ ಇದು.

1985ರ ನವೆಂಬರ್‌ನಲ್ಲಿ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ, ಕೊಲೆಯಾದ ಸಲಿಂಗಿ ಹಕ್ಕುಗಳ ನಾಯಕ ಹಾರ್ವೆ ಮಿಲ್ಕ್ ಮತ್ತು ಆ ಊರಿನ ಮೇಯರ್ ಜಾರ್ಜ್ ಮಾಸ್ಕೋನಿ ನೆನಪಿಗೆ ಪ್ರತಿ ವರ್ಷ ನಡೆಯುವ ಮೇಣದಬತ್ತಿ ಮೆರವಣಿಗೆಯಲ್ಲಿ, ಏಡ್ಸ್‌ನಿಂದ ಸತ್ತ ನಿಮ್ಮವರ ಹೆಸರನ್ನು ರಟ್ಟಿನ ಮೇಲೆ ಬರೆಯಿರಿ ಎಂದು ಹೋರಾಟಗಾರ ಕ್ಲೀವ್ ಜೋನ್ಸ್ ಜನರನ್ನು ಕೇಳಿಕೊಂಡರು. ಆ ರಟ್ಟುಗಳನ್ನೆಲ್ಲ ಸರ್ಕಾರಿ ಕಟ್ಟಡದ ಗೋಡೆಗೆ ಅಂಟಿಸಿದಾಗ ಅದು ಅವರ ಕಣ್ಣಿಗೆ ಕೌದಿಯ ಹಾಗೆ ಕಂಡಿತು. 1987ರಲ್ಲಿ ಗೆಳೆಯ ಮಾರ್ವಿನ್ ಫೆಲ್ಡ್‌ಮನ್ ಹೆಸರಿನಲ್ಲಿ ಮೊದಲ ಪ್ಯಾನೆಲ್ ಮಾಡಿದರು. ಅದೇ ವರ್ಷ ಅಕ್ಟೋಬರ್ 11ಕ್ಕೆ ವಾಷಿಂಗ್ಟನ್ನಿನ ನ್ಯಾಷನಲ್ ಮಾಲ್ ಎಂಬ ದೊಡ್ಡ ಬಯಲಿನಲ್ಲಿ 1,920 ಪ್ಯಾನೆಲ್‌ಗಳನ್ನು ಹಾಸಲಾಯಿತು. ಆ ಕಾಲದಲ್ಲಿ ಏಡ್ಸ್‌ನಿಂದ ಸತ್ತವರ ದೇಹ ಮುಟ್ಟೋಕೂ ಎಷ್ಟೋ ಕಡೆ ಒಪ್ಪುತ್ತಿರಲಿಲ್ಲ, ಮನೆಯವರೂ ಕಾಯಿಲೆಯ ಹೆಸರು ಮುಚ್ಚಿಡುತ್ತಿದ್ದರು. ಅಂಥ ಹೊತ್ತಲ್ಲಿ ಹೆಸರನ್ನು ದೊಡ್ಡ ಅಕ್ಷರದಲ್ಲಿ ಹೊಲಿದು ಬಯಲಲ್ಲಿ ಹಾಸಿದ್ದು ಸಣ್ಣ ಮಾತಲ್ಲ. ಈಗ ಏಡ್ಸ್ ಮೆಮೋರಿಯಲ್ ಕ್ವಿಲ್ಟ್ ಎಂಬ ಆ ಕೌದಿಯಲ್ಲಿ ಸುಮಾರು 50,000 ಪ್ಯಾನೆಲ್ ಇವೆ, 1,10,000ದಷ್ಟು ಹೆಸರುಗಳಿವೆ, ತೂಕ 54 ಟನ್. ಇನ್ನೂ ಹೊಸ ಪ್ಯಾನೆಲ್‌ಗಳು ಬರುತ್ತಲೇ ಇವೆ.

ನೀವು ಆ ಕೌದಿಗೇ ಕಳಿಸಿ, ಇಲ್ಲ ನಿಮ್ಮದೇ ಗುಂಪಿನಲ್ಲಿ ಒಂದು ಕೌದಿ ಮಾಡಿ, ಹೊಲಿಯುವ ಕ್ರಮ ಒಂದೇ.

ಮೊದಲು ಮನೆಯವರನ್ನು ಕೇಳಿ. ಪೂರ್ತಿ ಹೆಸರು ಹಾಕಬಹುದಾ, ಹುಟ್ಟಿದ ಮತ್ತು ತೀರಿಕೊಂಡ ತಾರೀಕು ಹಾಕಬಹುದಾ, ಫೋಟೋ ಬೇಡವಾ? ಹೆಂಡತಿ, ಮಕ್ಕಳು ಇನ್ನೂ ಜನರ ಬಾಯಿಗೆ ಹೆದರಿ ಬದುಕುತ್ತಿರಬಹುದು. ಬೇಡ ಅಂದರೆ ಬರೀ ಮೊದಲ ಹೆಸರು ಸಾಕು. ಅಂಥ ಪ್ಯಾನೆಲ್‌ಗಳೂ ಆ ಕೌದಿಯಲ್ಲಿ ಬೇಕಾದಷ್ಟಿವೆ, ಅವುಗಳ ಬೆಲೆ ಒಂದು ಚೂರೂ ಕಡಿಮೆಯಿಲ್ಲ.

ಆಮೇಲೆ ಬಟ್ಟೆ. ಮಧ್ಯಮ ದಪ್ಪದ, ಎಳೆದರೆ ಹಿಗ್ಗದ ಹತ್ತಿ ಬಟ್ಟೆ ತೆಗೆದುಕೊಳ್ಳಿ. ಟೀ ಶರ್ಟಿನ ಬಟ್ಟೆ ಬುಡಕ್ಕೆ ಬೇಡ, ನೇತುಹಾಕಿದ ಮೇಲೆ ಜೋತುಬೀಳುತ್ತದೆ. ಒಮ್ಮೆ ಒಗೆದು, ಇಸ್ತ್ರಿ ಮಾಡಿ, ನಾಲ್ಕೂ ಕಡೆ 2–3 ಇಂಚು ಜಾಸ್ತಿ ಬಿಟ್ಟು ಕತ್ತರಿಸಿ. ಆ ಜಾಸ್ತಿ ಭಾಗ ಅಂಚು ಮಡಿಚಿ ಹೊಲಿಯೋಕೆ. ಮುಗಿದ ಮೇಲಿನ ಅಳತೆ ಸರಿಯಾಗಿ 3×6 ಇರಲೇಬೇಕು, ಯಾಕಂದರೆ ಅಂಥ ಎಂಟು ಪ್ಯಾನೆಲ್ ಸೇರಿಸಿದರೆ 12 ಅಡಿ ಚೌಕದ ಒಂದು ದೊಡ್ಡ ತುಂಡಾಗುತ್ತದೆ. ಒಂದು ಪ್ಯಾನೆಲ್ ಅರ್ಧ ಇಂಚು ಆಚೀಚೆ ಆದರೂ ಪಕ್ಕದ್ದು ಸುಕ್ಕುಗಟ್ಟುತ್ತದೆ. ಉದ್ದಕ್ಕೂ ಮಾಡಬಹುದು, ಅಡ್ಡಕ್ಕೂ ಮಾಡಬಹುದು. ಒಳಗೆ ಹತ್ತಿ ತುಂಬೋದು ಬೇಡ. ಹಿಂದೆ ಒಂದು ಲೈನಿಂಗ್ ಕೊಟ್ಟರೆ ಒಳ್ಳೆಯದು.

ಈಗ ಹೆಸರು. ನನ್ನ ಪ್ರಕಾರ ಅರ್ಧ ಸಮಯ ಇದಕ್ಕೇ ಹೋಗಬೇಕು. ಉಳಿದದ್ದೆಲ್ಲ ಮಾಸಿದರೂ ಹೆಸರು ದೂರದಿಂದ ಓದೋಕೆ ಬರಬೇಕು, ಅಲ್ವಾ? ಕಾಗದದ ಮೇಲೆ ಅಕ್ಷರ ದೊಡ್ಡದಾಗಿ ಬರೆದು ಕತ್ತರಿಸಿ, ನೆಲದಲ್ಲಿ ಹಾಸಿದ ಬಟ್ಟೆಯ ಮೇಲಿಟ್ಟು, ಎದ್ದು ನಿಂತು ನೋಡಿ. ಕನ್ನಡದಲ್ಲಿ ಬರೆಯುವುದಾದರೆ ಒತ್ತಕ್ಷರಕ್ಕೆ ಕೆಳಗೆ ಜಾಗ ಬಿಡೋದನ್ನು ಮರೆಯಬೇಡಿ, ಆಮೇಲೆ ತುರುಕಿದರೆ ಓದೋಕಾಗಲ್ಲ. ನಮ್ಮ ಅಕ್ಷರಗಳೆಲ್ಲ ದುಂಡು. ಅಂಚು ಒಳಗೆ ಮಡಿಚುವಾಗ ಬಟ್ಟೆ ಗಂಟುಗಟ್ಟುತ್ತದೆ. ಅದಕ್ಕೆ ತಿರುವು ಇರುವ ಕಡೆಯೆಲ್ಲ ಅಂಚಿಗೆ ಸಣ್ಣ ಸಣ್ಣ ಕತ್ತರಿ ಹಾಕಿ, ಬೆರಳಲ್ಲಿ ಒತ್ತಿ ಮಡಿಚಿ, ಪಿನ್ನು ಚುಚ್ಚಿ, ಮೊದಲು ಉದ್ದುದ್ದ ಸಡಿಲ ಹೊಲಿಗೆ ಹಾಕಿಕೊಂಡು ಆಮೇಲೆ ಒತ್ತಾಗಿ ಹೊಲಿಯಿರಿ. ನಿಧಾನದ ಕೆಲಸ. ಹೊಲಿಗೆ ಬರದಿದ್ದರೆ ಬಟ್ಟೆಗೆ ಹಚ್ಚುವ ಬಣ್ಣದಲ್ಲಿ ಬರೆಯಬಹುದು, ಆದರೆ ತೆಳ್ಳಗೆ ಹಚ್ಚಿ. ದಪ್ಪ ಬಣ್ಣ ಮಡಿಚಿದ ಕಡೆ ಒಡೆದು ಉದುರುತ್ತದೆ.

ಗೋಂದನ್ನು ನಂಬಬೇಡಿ. ಪ್ಯಾನೆಲ್ ಅಂದರೆ ಗೋಡೆಗೆ ಹಾಕಿಟ್ಟ ಚಿತ್ರ ಅಲ್ಲ, ಅದನ್ನು ಮಡಿಚುತ್ತಾರೆ, ಬಿಚ್ಚುತ್ತಾರೆ, ಒಂದರ ಮೇಲೊಂದು ಪೇರಿಸಿಡುತ್ತಾರೆ. ಏನು ಅಂಟಿಸಿದರೂ ಮೇಲೆ ದಾರದ ಹೊಲಿಗೆ ಇರಲಿ. ಗಾಜು, ಮಿಂಚುವ ಟಿಕಳಿ, ಮೊನಚಾದ ಲೋಹ ಬೇಡ, ಪಕ್ಕದವರ ಪ್ಯಾನೆಲ್ ಹರಿಯುತ್ತದೆ. ದಪ್ಪ ವಸ್ತುಗಳೂ ಬೇಡ. ಫೋಟೋ ಹಾಕುವುದಾದರೆ ಶುದ್ಧ ಹತ್ತಿ ಬಟ್ಟೆಗೆ ಅಚ್ಚು ಹಾಕಿಸಿ ಆ ತುಂಡನ್ನು ಹೊಲಿಯಿರಿ.

ಇನ್ನು ಏನು ಹಾಕಬೇಕು ಅನ್ನೋದು. ಎಲ್ಲರಿಗೂ ಎಲ್ಲವನ್ನೂ ಹಾಕುವ ಆಸೆ. ಅವರ ಓದು, ಕೆಲಸ, ಇಷ್ಟದ ಬಣ್ಣ, ಹತ್ತು ಫೋಟೋ. ಒಂದೋ ಎರಡೋ ಆರಿಸಿಕೊಳ್ಳಿ. ಅವರು ತೊಡುತ್ತಿದ್ದ ಒಂದು ಅಂಗಿಯನ್ನೇ ನೋಡಿ. ಜೇಬಿನ ಮೂಲೆಯಲ್ಲಿ ಪೆನ್ನಿನ ಮಸಿ ಕಲೆ ಇರಬಹುದು, ಕಾಲರ್ ಒಳಗಡೆ ಸವೆದಿರಬಹುದು, ಒಂದು ಗುಂಡಿಗೆ ಬೇರೆ ಬಣ್ಣದ ದಾರ ಇರಬಹುದು. ಆ ಜೇಬನ್ನು ಕಲೆ ಸಮೇತ, ಸುತ್ತ ಒಂದಿಂಚು ಬಟ್ಟೆ ಬಿಟ್ಟು ಕತ್ತರಿಸಿ ಹೊಲಿಯಿರಿ. ಹತ್ತು ಫೋಟೋ ಹೇಳದ್ದನ್ನು ಆ ಜೇಬು ಹೇಳುತ್ತದೆ. ಕಾಯಿಲೆಯ ಚಿತ್ರ, ಆಸ್ಪತ್ರೆಯ ದಿನಗಳು ಬೇಕೇ ಬೇಕು ಅನಿಸಿದರೆ ಹಾಕಿ, ಆದರೆ ಅವರು ಬದುಕಿದ್ದು ಅದಕ್ಕಿಂತ ಎಷ್ಟೋ ಹೆಚ್ಚು ವರ್ಷ ಅನ್ನೋದು ನೆನಪಿರಲಿ.

ಅವರ ಬಟ್ಟೆ ಮುಟ್ಟೋಕೆ ಹೆದರುವವರು ಇನ್ನೂ ಇದ್ದಾರೆ. ಬಟ್ಟೆಯಿಂದ, ಹಾಸಿಗೆಯಿಂದ, ಮುಟ್ಟುವುದರಿಂದ ಎಚ್‌ಐವಿ ಹರಡುವುದಿಲ್ಲ. ಜೊತೆಗೆ ಕೂತು ಹೊಲಿಯುವವರಿಗೆ ಇದನ್ನು ಮೊದಲೇ ಬಿಡಿಸಿ ಹೇಳಿ, ಯಾರೂ ಒಳಗೊಳಗೇ ಅಂಜಿಕೊಂಡು ಸೂಜಿ ಹಿಡಿಯುವುದು ಬೇಡ.

ಸಾಧ್ಯವಾದರೆ ಒಬ್ಬರೇ ಮಾಡಬೇಡಿ. ಕೈ ಕೆಲಸದಲ್ಲಿದ್ದಾಗ ಬಾಯಿ ತಾನಾಗೇ ಬಿಚ್ಚುತ್ತದೆ, ವರ್ಷಗಟ್ಟಲೆ ಆಡದ ಮಾತು ಆಗ ಹೊರಗೆ ಬರುತ್ತದೆ. ಅತ್ತರೆ ಅಳಲಿ. ಹೊಲಿಗೆ ಸೊಟ್ಟ ಬಂದರೂ ಬಿಚ್ಚಿ ಸರಿಮಾಡೋಕೆ ಹೋಗಬೇಡಿ, ಅದು ಗಟ್ಟಿ ಇದೆಯಾ ಅಂತ ಮಾತ್ರ ನೋಡಿ. ಗಟ್ಟಿ ಇದೆಯೋ ಇಲ್ಲವೋ ತಿಳಿಯೋಕೆ ಸುಲಭ ಪರೀಕ್ಷೆ ಇದೆ: ಮುಗಿದ ಪ್ಯಾನೆಲ್ಲನ್ನು ನಾಲ್ಕಾರು ಸಲ ಮಡಿಚಿ ಬಿಚ್ಚಿ, ಮೇಲೆತ್ತಿ ಕೊಡವಿ. ಏನಾದರೂ ಸಡಿಲವಾದರೆ ಇನ್ನೊಂದು ಸುತ್ತು ಹೊಲಿಗೆ ಹಾಕಿ.

ಕೊನೆಗೆ ಒಂದು ಕಾಗದ ಬರೆಯಿರಿ. ಅವರು ಯಾರು, ನಿಮಗೇನಾಗಬೇಕು, ಆ ಜೇಬಿನ ಕಲೆ ಎಲ್ಲಿಂದ ಬಂತು, ಇಷ್ಟು. ಪ್ಯಾನೆಲ್ ನೋಡುವ ಅಪರಿಚಿತರಿಗೆ ಆ ವಿಷಯ ಬೇರೆ ಯಾರೂ ಹೇಳಲಾರರು. ಸ್ಯಾನ್ ಫ್ರಾನ್ಸಿಸ್ಕೊದ ನ್ಯಾಷನಲ್ ಏಡ್ಸ್ ಮೆಮೋರಿಯಲ್ ಈಗ ಆ ದೊಡ್ಡ ಕೌದಿಯನ್ನು ನೋಡಿಕೊಳ್ಳುತ್ತದೆ, ಪ್ಯಾನೆಲ್ ಜೊತೆ ಇಂಥ ಕಾಗದವನ್ನೂ ಇಟ್ಟುಕೊಳ್ಳುತ್ತದೆ. ಅಲ್ಲಿಗೆ ಕಳಿಸಿದ್ದು ಕೌದಿಗೇ ಸೇರಿಹೋಗುತ್ತದೆ. ಹಾಗಾಗಿ ಕಟ್ಟುವ ಮೊದಲು ಬೆಳಕಿರುವ ಕಡೆ ಹಾಸಿ ಪೂರ್ತಿ ಪ್ಯಾನೆಲ್ಲಿನದೊಂದು, ಹೆಸರಿನದೊಂದು ಫೋಟೋ ತೆಗೆದು ಮನೆಯವರಿಗೆ ಕೊಡಿ, ಕಾಗದದ ಒಂದು ಪ್ರತಿಯನ್ನೂ ಅವರ ಹತ್ತಿರ ಇಡಿ.