ಮುಪ್ಪಿನಲ್ಲಿ ಮನೆಯ ಕೀಲಿಕೈ ನಮ್ಮ ಸೆರಗಿನಲ್ಲೇ ಇರಲಿ

ಮುಂಬಯಿಯಲ್ಲಿ ದುಡಿದು ನಿವೃತ್ತರಾದ ಕನ್ನಡಿಗರ ಮನೆಗಳಲ್ಲಿ ಅರುವತ್ತು ದಾಟುವ ಹೊತ್ತಿಗೆ ಏಳುವ ಮೊದಲ ಪ್ರಶ್ನೆಯೆಂದರೆ, ಇನ್ನು ಊರಿಗೆ ಹೋಗಿ ನೆಲೆಸುವುದೋ, ಇಲ್ಲಿಯೇ ಉಳಿಯುವುದೋ ಎಂಬುದು. ಕರಾವಳಿಯವರಿಗಾಗಲಿ, ವಿಜಯಪುರ, ಕಲಬುರಗಿಗಳ ಕಡೆಯಿಂದ ಬಂದವರಿಗಾಗಲಿ ಊರಿನ ಮನೆಯ ಸೆಳೆತ ಸುಲಭವಾಗಿ ಬಿಡುವಂಥದಲ್ಲ. ಮುಂಬಯಿಯ ಹೊರವಲಯದ ಡೊಂಬಿವಲಿಯ ನಮ್ಮ ಓರಗೆಯವರಲ್ಲಿ ಕೆಲವರು ಊರಿಗೆ ಹೋಗಿ ಸುಖವಾಗಿದ್ದಾರೆ, ಕೆಲವರು ಹಿಂದಿರುಗಿ ಬಂದು ಬಾಡಿಗೆಯ ಮನೆ ಹುಡುಕಿದ್ದಾರೆ. ಆದ್ದರಿಂದ ಇಲ್ಲಿಯ ಮನೆಯನ್ನು ಮಾರುವ ಮುಂಚೆ ಊರಿನಲ್ಲಿ ಒಂದು ಇಡೀ ಮಳೆಗಾಲವನ್ನು ಕಳೆದು ನೋಡಬೇಕೆಂಬುದು ನನ್ನ ಖಚಿತವಾದ ಅಭಿಪ್ರಾಯ. ಮೇ ತಿಂಗಳಲ್ಲಿ ಊರನ್ನು ನೋಡಿ ನಿರ್ಧಾರ ಮಾಡಬಾರದು. ಆಗ ಮದುವೆ ಮುಂಜಿಗಳ ಗದ್ದಲವಿರುತ್ತದೆ, ಮಾವು ಹಲಸು ಇರುತ್ತವೆ, ಮನೆ ತುಂಬ ನೆಂಟರಿರುತ್ತಾರೆ. ನೆಂಟರೆಲ್ಲ ಹೊರಟುಹೋಗಿ, ಜಡಿಮಳೆ ಹಿಡಿದು, ಕರೆಂಟು ಹೋದ ರಾತ್ರಿಯಲ್ಲಿ ಎದೆ ನೋವು ಬಂದರೆ ಎಷ್ಟು ಹೊತ್ತಿಗೆ ಯಾವ ಆಸ್ಪತ್ರೆಯನ್ನು ಸೇರಬಹುದು, ಗಾಡಿ ಹೊರಡಿಸುವವರು ಯಾರು ಎಂಬುದಕ್ಕೆ ಉತ್ತರ ಸಿಕ್ಕರೆ ಮಾತ್ರ ಧೈರ್ಯವಾಗಿ ಹೋಗಬಹುದು. ಇಲ್ಲವಾದರೆ ಚಳಿಗಾಲಕ್ಕೆ ಊರು, ಉಳಿದ ಕಾಲಕ್ಕೆ ಮುಂಬಯಿ ಎಂದು ಹಂಚಿಕೊಳ್ಳುವುದು ಮೇಲು.

ಇಲ್ಲಿಯೇ ಇರುವವರು ಮೊದಲು ತಮ್ಮ ಕಟ್ಟಡದ ಮೆಟ್ಟಿಲುಗಳತ್ತ ನೋಡಬೇಕು. ಡೊಂಬಿವಲಿ, ಕಲ್ಯಾಣಗಳ ಹಳೆಯ ಹೌಸಿಂಗ್ ಸೊಸೈಟಿಗಳು ಬಹಳಷ್ಟು ಲಿಫ್ಟ್ ಇಲ್ಲದ ಮೂರು ನಾಲ್ಕು ಮಹಡಿಯ ಕಟ್ಟಡಗಳು. ಮೂರನೆಯ ಮಹಡಿಯ ಮನೆಯಲ್ಲಿ ಗಾಳಿ ಬೆಳಕು ಚೆನ್ನಾಗಿರುತ್ತದೆ, ನಿಜ. ಆದರೆ ಮಂಡಿ ಸೋತ ಮೇಲೆ ಆ ಮನೆಯಿಂದ ಕೆಳಗಿಳಿಯುವುದೇ ಅಪರೂಪವಾಗಿ, ತರಕಾರಿಗೂ ಔಷಧಿಗೂ ಮತ್ತೊಬ್ಬರ ದಾರಿ ಕಾಯಬೇಕಾಗುತ್ತದೆ. ಅದೇ ಬಡಾವಣೆಯಲ್ಲಿ, ಪರಿಚಯದ ಅಂಗಡಿ, ಪರಿಚಯದ ಡಾಕ್ಟರು, ಪರಿಚಯದ ನೆರೆಹೊರೆ ಬಿಟ್ಟುಹೋಗದಂತೆ, ಲಿಫ್ಟ್ ಇರುವ ಅಥವಾ ಕೆಳಮಹಡಿಯ ಮನೆಗೆ ಬದಲಾಯಿಸಿಕೊಳ್ಳುವುದಾದರೆ ಕಾಲಿನಲ್ಲಿ ಕಸುವಿರುವಾಗಲೇ ಬದಲಾಯಿಸಬೇಕು.

ಮನೆಯೊಳಗೆ ಅಪಾಯ ಹೆಚ್ಚಾಗಿರುವುದು ಬಚ್ಚಲಿನಲ್ಲಿ. ಸಂಡಾಸಿನ ಪಕ್ಕ ಮತ್ತು ಸ್ನಾನ ಮಾಡುವಲ್ಲಿ ಗೋಡೆಗೆ ಹಿಡಿಕೆಯ ಸರಳುಗಳನ್ನು ಹಾಕಿಸಬೇಕು. ಅವು ಸ್ಟೀಲಿನವಾಗಿದ್ದು, ಟೈಲ್ಸ್ ದಾಟಿ ಇಟ್ಟಿಗೆಯ ಗೋಡೆಯೊಳಕ್ಕೆ ಆಳವಾಗಿ ಬೋಲ್ಟ್ ಕೂರಿಸಿದವಾಗಿರಬೇಕು. ರಬ್ಬರಿನ ಬಟ್ಟಲಿನಿಂದ ಟೈಲ್ಸಿಗೆ ಅಂಟಿಸುವ ಹಿಡಿಕೆಗಳನ್ನಾಗಲಿ, ಟವೆಲು ಹಾಕುವ ಕೋಲನ್ನಾಗಲಿ ನಂಬಬಾರದು. ಅವು ಟವೆಲಿನ ಭಾರವನ್ನು ಹೊರುತ್ತವೆಯೇ ಹೊರತು ಜಾರುವ ಮನುಷ್ಯನ ಭಾರವನ್ನು ಹೊರಲಾರವು. ಹಾಕಿಸುವ ದಿನ ಕೆಲಸದವನನ್ನು ನಿಲ್ಲಿಸಿಕೊಂಡು ನೀವೇ ಕೂತು ಎದ್ದು ತೋರಿಸಿ, ನಿಮ್ಮ ಕೈ ತಾನಾಗಿ ಹೋಗುವ ಜಾಗದಲ್ಲಿಯೇ ಗುರುತು ಹಾಕಿಸಬೇಕು. ಅವನ ಅಳತೆ ಅವನ ಕೈಗೆ ಸರಿ. ಬಚ್ಚಲಿನ ಚಿಲಕವು ಹೊರಗಿನಿಂದಲೂ ತೆಗೆಯುವಂತಿರಲಿ. ಹಾಸಿಗೆಯಿಂದ ಬಚ್ಚಲಿನವರೆಗೆ ರಾತ್ರಿಯಿಡೀ ಒಂದು ಸಣ್ಣ ದೀಪ ಉರಿಯಲಿ. ರಾತ್ರಿ ಎದ್ದಾಗ ತಟಕ್ಕನೆ ನಿಲ್ಲದೆ, ಮಂಚದ ಅಂಚಿನಲ್ಲಿ ಕಾಲು ಇಳಿಬಿಟ್ಟು ಸ್ವಲ್ಪ ಹೊತ್ತು ಕೂತು ಆಮೇಲೆ ನಿಲ್ಲಬೇಕು; ರಕ್ತದೊತ್ತಡದ ಮಾತ್ರೆ ತೆಗೆದುಕೊಳ್ಳುವವರಿಗೆ ಏಳುವಾಗ ತಲೆ ತಿರುಗುವುದು ಸಾಮಾನ್ಯ. ಅಟ್ಟದ ಮೇಲಿನ ಹಿತ್ತಾಳೆಯ ಪಾತ್ರೆಗಳಿಗಾಗಿ ಸ್ಟೂಲು ಹತ್ತುವುದನ್ನು ಇಂದೇ ಬಿಡಬೇಕು. ದಿನವೂ ಬೇಕಾಗುವುದೆಲ್ಲ ಸೊಂಟಕ್ಕೂ ಭುಜಕ್ಕೂ ನಡುವಿನ ಎತ್ತರದಲ್ಲಿ ಸಿಗಬೇಕು.

ನಡೆದಾಡುತ್ತೇವಲ್ಲ, ಅಷ್ಟೇ ಸಾಕೆಂದು ನಮ್ಮವರು ತಿಳಿಯುತ್ತಾರೆ. ನಡಿಗೆ ಒಳ್ಳೆಯದೇ, ಆದರೆ ತೊಡೆಯ ಬಲವನ್ನು ಅದೊಂದೇ ಉಳಿಸುವುದಿಲ್ಲ. ಕುರ್ಚಿಯ ಕೈಗಳನ್ನು ಹಿಡಿಯದೆ, ಎದೆಯ ಮೇಲೆ ಕೈ ಕಟ್ಟಿ, ನಿಧಾನವಾಗಿ ಎದ್ದು ಕೂರುವುದನ್ನು ದಿನವೂ ಹತ್ತು ಸಲ ಮಾಡುವವರು ತಮ್ಮ ಸಂಡಾಸಿನಿಂದ ತಾವೇ ಏಳುತ್ತಾರೆ, ಸ್ವಾವಲಂಬನೆಯ ದೊಡ್ಡ ಭಾಗ ಅಲ್ಲಿಯೇ ಇದೆ. ಹಲ್ಲು ಹೋದ ಮೇಲೆ ಗಂಜಿ, ಅನ್ನ, ಸಾರಿಗೆ ಇಳಿದುಬಿಡುವ ಅಭ್ಯಾಸವೂ ಸ್ನಾಯುಗಳನ್ನು ಕರಗಿಸುತ್ತದೆ. ಬೇಳೆ, ಹೆಸರುಕಾಳು, ಮೊಸರು, ತಿನ್ನುವವರಾದರೆ ಮೊಟ್ಟೆ ಮೀನು, ಇವುಗಳಲ್ಲಿ ಯಾವುದಾದರೊಂದು ಎರಡೂ ಹೊತ್ತಿನ ಊಟದಲ್ಲಿರಬೇಕು. ಸಸ್ಯಾಹಾರಿಗಳಲ್ಲಿ, ಅದರಲ್ಲಿಯೂ ಸಕ್ಕರೆ ಕಾಯಿಲೆಗೆ ಬಹಳ ವರ್ಷಗಳಿಂದ ಮೆಟ್‌ಫಾರ್ಮಿನ್ ತೆಗೆದುಕೊಳ್ಳುವವರಲ್ಲಿ, ಬಿ12 ಜೀವಸತ್ವ ಕಡಿಮೆಯಾಗಿ ಕಾಲು ಜೋಮು ಹಿಡಿಯುವುದೂ ಮರೆವು ಹೆಚ್ಚುವುದೂ ಉಂಟು. ಎಲ್ಲವನ್ನೂ ವಯಸ್ಸಿನ ತಲೆಗೆ ಕಟ್ಟದೆ ಡಾಕ್ಟರರಿಗೆ ಹೇಳಿ ಒಮ್ಮೆ ರಕ್ತ ಪರೀಕ್ಷೆ ಮಾಡಿಸಬೇಕು.

ಇನ್ನು ಆಸ್ತಿಯ ವಿಷಯ. ಮಹಾರಾಷ್ಟ್ರದಲ್ಲಿ ವಾಸದ ಮನೆಯನ್ನು ಮಕ್ಕಳಿಗೆ ದಾನಪತ್ರ ಮಾಡಿಕೊಡಲು ಮೂಲ ಮುದ್ರಾಂಕ ಶುಲ್ಕ ಕೇವಲ 200 ರೂಪಾಯಿ. ಇಷ್ಟು ಅಗ್ಗವೆಂಬ ಕಾರಣಕ್ಕೇ, ಹೇಗಿದ್ದರೂ ಮುಂದೆ ಅವರಿಗೇ ಸೇರುವುದು ತಾನೇ ಎಂದು, ಬದುಕಿರುವಾಗಲೇ ಮನೆಯನ್ನು ಬರೆದುಕೊಟ್ಟುಬಿಡುವವರಿದ್ದಾರೆ. ಮಕ್ಕಳು ಎಷ್ಟೇ ಒಳ್ಳೆಯವರಾಗಿರಲಿ, ಇದನ್ನು ಮಾಡಬೇಡಿ. ಮಗನ ಮೇಲಿನ ಅನುಮಾನದಿಂದ ಹೇಳುವ ಮಾತಲ್ಲ ಇದು; ಅವನಿಗೆ ಸಾಲ ಬರಬಹುದು, ಸಂಸಾರ ಮುರಿಯಬಹುದು, ನಮಗಿಂತ ಮೊದಲೇ ಅವನಿಗೆ ಏನಾದರೂ ಆಗಬಹುದು. ಉಯಿಲು ಬರೆದರೆ ಮನೆ ನಮ್ಮ ಕಾಲಾನಂತರ ಅವರಿಗೇ ಸೇರುತ್ತದೆ, ಮನಸ್ಸು ಬದಲಾದರೆ ಹೊಸದನ್ನು ಬರೆಯಲೂ ಬರುತ್ತದೆ. ಅದಕ್ಕೆ ಇಬ್ಬರು ಸಾಕ್ಷಿಗಳ ಸಹಿ ಬೇಕು. ಆಸ್ತಿ ಪಡೆಯುವವರನ್ನೇ ಸಾಕ್ಷಿ ಮಾಡದಿರುವುದು ಕ್ಷೇಮ. ನೋಂದಣಿ ಕಡ್ಡಾಯವಲ್ಲವಾದರೂ ಮಾಡಿಸಿದರೆ ಮುಂದಿನ ತಕರಾರು ಕಡಿಮೆ. ಸೊಸೈಟಿಯಲ್ಲಿ ನಾಮಿನಿಯ ಹೆಸರು ಕೊಟ್ಟಿದ್ದೇವೆ, ಉಯಿಲು ಏಕೆ ಎಂದು ಕೇಳುವವರಿಗೆ ಒಂದು ಮಾತು: ನಾಮಿನಿಯಾದವರು ಮನೆಯನ್ನು ವಾರಸುದಾರರ ಪರವಾಗಿ ಹಿಡಿದಿಡುವವರೇ ಹೊರತು ಅಷ್ಟಕ್ಕೇ ಮಾಲೀಕರಾಗುವುದಿಲ್ಲ. ಯಾವುದೋ ಕಾರಣಕ್ಕೆ ದಾನಪತ್ರವನ್ನು ಮಾಡಲೇಬೇಕಾಗಿ ಬಂದರೆ, ನಮ್ಮನ್ನು ನೋಡಿಕೊಳ್ಳಬೇಕೆಂಬ ಷರತ್ತನ್ನು ಪತ್ರದಲ್ಲಿಯೇ ಬರೆಸಬೇಕು. 2007ರ ಪೋಷಕರ ಮತ್ತು ಹಿರಿಯ ನಾಗರಿಕರ ಕಾಯಿದೆಯ 23ನೆಯ ಕಲಮಿನ ಪ್ರಕಾರ, ಅಂಥ ಷರತ್ತಿದ್ದೂ ನೋಡಿಕೊಳ್ಳದವರಿಂದ ಆಸ್ತಿಯನ್ನು ನ್ಯಾಯಮಂಡಳಿಯ ಮೂಲಕ ಹಿಂದಕ್ಕೆ ಪಡೆಯಲು ಅವಕಾಶವಿದೆ.

ಕೈಯಲ್ಲಿರುವ ಹಣದ ಒಂದು ಭಾಗವನ್ನು ಅಂಚೆ ಕಚೇರಿಯ ಅಥವಾ ಬ್ಯಾಂಕಿನ ಹಿರಿಯ ನಾಗರಿಕರ ಉಳಿತಾಯ ಯೋಜನೆಯಲ್ಲಿಟ್ಟರೆ ಮೂರು ತಿಂಗಳಿಗೊಮ್ಮೆ ಬಡ್ಡಿ ಖಾತೆಗೆ ಬೀಳುತ್ತದೆ. ಒಬ್ಬರು 30 ಲಕ್ಷದವರೆಗೆ ಇಡಬಹುದು. ಗಂಡ ಹೆಂಡತಿಯರಲ್ಲಿ ಬ್ಯಾಂಕಿನ ವ್ಯವಹಾರ ತಿಳಿಯದವರು ಯಾರಿದ್ದಾರೋ ಅವರೇ ಇನ್ನು ಮೇಲೆ ಬ್ಯಾಂಕಿಗೆ ಹೋಗಬೇಕು. ನಮ್ಮ ತಲೆಮಾರಿನಲ್ಲಿ ಅದು ಹೆಚ್ಚಾಗಿ ಹೆಂಡತಿ. ಗಂಡ ತೀರಿಕೊಂಡ ವಾರದಲ್ಲಿ ಪಾಸ್‌ಬುಕ್ ಹುಡುಕುತ್ತ, ಸಹಿ ಎಲ್ಲಿ ಹಾಕಬೇಕೆಂದು ತಿಳಿಯದೆ ಕೂತವರನ್ನು ಕಂಡು ಈ ಮಾತು ಬರೆಯುತ್ತಿದ್ದೇನೆ. ಪೊಲೀಸರ ಹೆಸರಿನಲ್ಲಿ ವಿಡಿಯೊ ಕರೆ ಮಾಡಿ, ನಿಮ್ಮನ್ನು ಡಿಜಿಟಲ್ ಅರೆಸ್ಟ್ ಮಾಡಲಾಗಿದೆ ಎಂದು ಹೆದರಿಸುವ ಕಳ್ಳರೂ ಈಗ ಹಿರಿಯರನ್ನೇ ಹುಡುಕುತ್ತಾರೆ. ಅಂಥ ಬಂಧನ ನಮ್ಮ ಯಾವ ಕಾನೂನಿನಲ್ಲಿಯೂ ಇಲ್ಲ. ಫೋನು ಇಟ್ಟುಬಿಡಬೇಕು, ಹಣ ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನು ಮಾಡಿ ಹೇಳಬೇಕು. ಎಪ್ಪತ್ತು ತುಂಬಿದವರು ಆಯುಷ್ಮಾನ್ ಕಾರ್ಡನ್ನೂ ಮಾಡಿಸಿಕೊಳ್ಳಲಿ. 2024ರಿಂದ ಅದಕ್ಕೆ ಆದಾಯದ ಮಿತಿ ಇಲ್ಲ. ಯೋಜನೆಗೆ ಸೇರಿದ ಆಸ್ಪತ್ರೆಗಳಲ್ಲಿ ದಾಖಲಾದರೆ ವರ್ಷಕ್ಕೆ 5 ಲಕ್ಷದವರೆಗಿನ ಚಿಕಿತ್ಸೆ ಸಿಗುತ್ತದೆ.

ಯಾರ ಸಹಾಯವೂ ಬೇಡವೆನ್ನುವ ಹಟವನ್ನು ನಾನು ಸ್ವಾವಲಂಬನೆಯೆಂದು ಒಪ್ಪುವುದಿಲ್ಲ. ಪಾತ್ರೆ ಬಟ್ಟೆಗೆ ಕೆಲಸದಾಕೆಯನ್ನು ಇಟ್ಟುಕೊಂಡು, ಅವಳಿಗೆ ಹೊತ್ತಿಗೆ ಸರಿಯಾಗಿ ಸಂಬಳವನ್ನೂ ದೀಪಾವಳಿಗೆ ಬೋನಸನ್ನೂ ಕೊಟ್ಟು, ಉಳಿದ ಶಕ್ತಿಯನ್ನು ನಮಗೆ ಇಷ್ಟವಾದುದಕ್ಕೆ ಬಳಸುವುದು ಜಾಣತನ. ಒಂಟಿಯಾಗಿರುವವರು ಮನೆಯ ಇನ್ನೊಂದು ಕೀಲಿಕೈಯನ್ನು ಎದುರು ಮನೆಯವರ ಬಳಿ ಇಟ್ಟು, ಬೆಳಗಿನ ಹಾಲು ಬಾಗಿಲಲ್ಲೇ ಉಳಿದಿದ್ದರೆ ಬಂದು ನೋಡಬೇಕೆಂದು ಹೇಳಿಟ್ಟಿರಬೇಕು. ಹಿರಿಯರಿಗೆಂದೇ ಇರುವ 14567 ಎಂಬ ಉಚಿತ ಸಹಾಯವಾಣಿಯ ಸಂಖ್ಯೆಯನ್ನು ಗೋಡೆಯ ಮೇಲೆ ದೊಡ್ಡದಾಗಿ ಬರೆದಿಡಬೇಕು.

ಸಂಜೆಗಳನ್ನು ಟಿವಿಗೆ ಒಪ್ಪಿಸುವುದು ನನಗೆ ಸೇರದು. ಮಾಟುಂಗದ ಮೈಸೂರು ಅಸೋಸಿಯೇಷನ್, ಮಾಹಿಮದ ಕರ್ನಾಟಕ ಸಂಘ, ಉಪನಗರಗಳ ಸಣ್ಣ ಸಂಘಗಳು ಎಲ್ಲವೂ ನಾಟಕ, ಸಂಗೀತ, ಪುಸ್ತಕಗಳ ನೆಪದಲ್ಲಿ ನಮ್ಮನ್ನು ಮನೆಯಿಂದ ಹೊರಡಿಸುತ್ತವೆ. ಲೋಕಲ್ ರೈಲಿನಲ್ಲಿ ಜನಸಂದಣಿಯ ಹೊತ್ತನ್ನು ತಪ್ಪಿಸಿ ಮಧ್ಯಾಹ್ನವೇ ಹೊರಟು, ಕಾರ್ಯಕ್ರಮ ಮುಗಿಯುವ ಮೊದಲೇ ಎದ್ದು ಬಂದರೂ ಯಾರೂ ತಪ್ಪು ತಿಳಿಯುವುದಿಲ್ಲ. ನಾಸಿಕಕ್ಕೋ ಪಂಢರಪುರಕ್ಕೋ ಹೋಗಬೇಕೆನಿಸಿದರೆ, ರಾಜ್ಯ ಸಾರಿಗೆಯ ಎಸ್‌ಟಿ ಬಸ್ಸಿನಲ್ಲಿ 65 ದಾಟಿದವರಿಗೆ ಅರ್ಧ ದರ, 75 ದಾಟಿದವರಿಗೆ ಟಿಕೆಟ್ಟೇ ಇಲ್ಲ.

ಕಡೆಯದಾಗಿ, ಮನೆಯವರು ಮಾತೆತ್ತಲು ಹಿಂಜರಿಯುವ ಒಂದು ಕಾಗದವಿದೆ. ಚೇತರಿಸುವ ಭರವಸೆಯೇ ಇಲ್ಲದ ಸ್ಥಿತಿಯಲ್ಲಿ ಕೃತಕ ಉಸಿರಾಟದ ಯಂತ್ರದ ಮೇಲೆ ನಮ್ಮನ್ನು ಇಡಬೇಕೋ ಬೇಡವೋ ಎಂಬುದನ್ನು ನಾವೇ ಮುಂಚಿತವಾಗಿ ಬರೆದಿಡಲು ಸುಪ್ರೀಂ ಕೋರ್ಟು 2018ರಲ್ಲಿ ಅನುಮತಿ ಕೊಟ್ಟು, 2023ರಲ್ಲಿ ಅದರ ಕ್ರಮವನ್ನು ಸರಳಗೊಳಿಸಿತು. ಈಗ ಇಬ್ಬರು ಸಾಕ್ಷಿಗಳ ಎದುರಿನಲ್ಲಿ ಸಹಿ ಮಾಡಿ, ನೋಟರಿಯ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಪಡೆದರೆ ಸಾಕು. ನಮ್ಮ ಪರವಾಗಿ ಮಾತನಾಡಬೇಕಾದವರ ಹೆಸರನ್ನೂ ಅದರಲ್ಲಿ ಬರೆಯಬೇಕು. ಅಮೆರಿಕದಲ್ಲಿರುವ ಮಗಳ ಜೊತೆಗೆ, ಅರ್ಧ ಗಂಟೆಯೊಳಗೆ ಆಸ್ಪತ್ರೆಗೆ ಬರಬಲ್ಲ ಒಬ್ಬರ ಹೆಸರೂ ಇರಲಿ. ಒಂದು ಪ್ರತಿಯನ್ನು ಅವರಿಗೂ ಇನ್ನೊಂದನ್ನು ಮನೆಯ ಡಾಕ್ಟರರಿಗೂ ಕೊಟ್ಟು, ಮೂಲ ಪತ್ರ ಎಲ್ಲಿದೆಯೆಂಬುದನ್ನು ಇಬ್ಬರಿಗೂ ತಿಳಿಸಿರಬೇಕು.