ನಾಲ್ಕು ಪೊರಕೆ ಕಡ್ಡಿ, ಒಂದು ಬಳೆ

ಎಂಟನೇ ಕ್ಲಾಸಿನವರಿಗೆ ಚತುರ್ಭುಜದ ಪಾಠ ಶುರು ಮಾಡೋ ದಿನ ನಾನು ಮೊದಲು ಹುಡುಕೋದು ಪೊರಕೆ. ಟ್ಯೂಷನ್ನಿಗೆ ಬರೋ ಮಕ್ಕಳಿಗೆ ಇದು ಗೊತ್ತಾಗಿ, ಈಗ ಅವರೇ ಕಡ್ಡಿ ಎಳೆದಿಟ್ಟಿರುತ್ತಾರೆ.

10 ಸೆಂ.ಮೀ.ನ ಎರಡು, 6 ಸೆಂ.ಮೀ.ನ ಎರಡು ಕಡ್ಡಿ ಮುರಿದುಕೊಳ್ಳಿ. ಸೈಕಲ್ ಅಂಗಡಿಯ ವಾಲ್ವ್ ಟ್ಯೂಬನ್ನು ಚೂರು ಮಾಡಿ, ಒಂದೊಂದು ಮೂಲೆಗೆ ಒಂದೊಂದು ಚೂರು ಸಿಕ್ಕಿಸಿ. ಆಯತ ಆಯ್ತು. ಈಗ ಬೆರಳಲ್ಲಿ ಓರೆಗೆ ತಳ್ಳಿ. ಹಳೇ ಮಂಚದ ಹಾಗೆ ವಾಲುತ್ತೆ. ಮೂರೇ ಕಡ್ಡಿಯ ತ್ರಿಭುಜ ಮಾಡಿ ತಳ್ಳಿ ನೋಡಿ, ಜಪ್ಪಯ್ಯ ಅಂದರೂ ಆಕಾರ ಬಿಡಲ್ಲ.

ಬಾಹುಗಳ ಅಳತೆ ಅಷ್ಟೂ ಕೊಟ್ಟರೂ ಚತುರ್ಭುಜ ಹಿಡಿತಕ್ಕೆ ಸಿಗಲ್ಲ. 1150ರ ‘ಲೀಲಾವತಿ’ಯಲ್ಲಿ ಭಾಸ್ಕರಾಚಾರ್ಯ ಇದಕ್ಕೇ ರೇಗೋದು: ಕರ್ಣವನ್ನೋ (ಎದುರು ಮೂಲೆಗಳನ್ನು ಸೇರಿಸೋ ಗೆರೆ) ಲಂಬವನ್ನೋ ಹೇಳದೆ ಚತುರ್ಭುಜದ ವಿಸ್ತೀರ್ಣ ಕೇಳುವವನು ಪಿಶಾಚಿ, ಉತ್ತರ ಕೊಡುವವನು ಅವನಿಗಿಂತ ದೊಡ್ಡ ಪಿಶಾಚಿ!

ವಾಲಿದ ಕಡ್ಡಿ ಚೌಕಟ್ಟನ್ನು ಹಾಳೆ ಮೇಲಿಟ್ಟು ಗೆರೆ ಎಳೆದು, ಕೋನ ಅಳೆಯಿರಿ. ಒಂದು 70 ಡಿಗ್ರಿ ಬಂದರೆ ಪಕ್ಕದ್ದು 110, ಎದುರಿನದು ಮತ್ತೆ 70. ಇನ್ನಷ್ಟು ತಳ್ಳಿ, 50 ಮತ್ತು 130 ಆಗುತ್ತೆ. ಒಂದು ಮೂಲೆ ಕಳಕೊಂಡಿದ್ದನ್ನು ಪಕ್ಕದ ಮೂಲೆ ಗಳಿಸುತ್ತೆ. ಒಟ್ಟು 360. ನಿಮಗೆ 358 ಬಂದರೆ ಗಾಬರಿ ಬೇಡ, ಪೆನ್ಸಿಲ್ ಮೊಂಡಾಗಿರುತ್ತೆ ಅಷ್ಟೆ.

360 ಯಾಕೆ? ಒಂದು ಕರ್ಣ ಎಳೆಯಿರಿ. ಎರಡು ತ್ರಿಭುಜ, ತಲಾ 180. ಹೋದ ವರ್ಷ ಒಬ್ಬಳು ಎರಡೂ ಕರ್ಣ ಎಳೆದು, ನಾಲ್ಕು ತ್ರಿಭುಜ ಎಣಿಸಿ, ‘ಮಿಸ್, 720 ಬರುತ್ತೆ’ ಅಂತ ಪಟ್ಟು ಹಿಡಿದಳು. ನಾನು ಬಾಯಿ ಬಿಡಲಿಲ್ಲ, ಕರ್ಣಗಳು ಕೂಡೋ ಜಾಗಕ್ಕೆ ಒಂದು ಹುಣಸೆಬೀಜ ಇಟ್ಟೆ. ಸ್ವಲ್ಪ ಹೊತ್ತು ದಿಟ್ಟಿಸಿದಳು. ಬೀಜದ ಸುತ್ತಲಿನ 360 ಚತುರ್ಭುಜದ ಯಾವ ಮೂಲೆಗೂ ಸೇರಿದ್ದಲ್ಲ. ಕಳೆದಳು.

ತ್ರಾಪಿಜ್ಯದಲ್ಲಿ ಮಾತ್ರ ಹುಷಾರು. ಎದುರಿನ ಕೋನಗಳು ಸಮ ಅಂತ ಅಭ್ಯಾಸಬಲದಿಂದ ಬರೆದುಬಿಡುತ್ತಾರೆ. ಅಲ್ಲಿ ಸಮಾಂತರ ಇರೋದು ಒಂದೇ ಜೊತೆ ಬಾಹು. ಓರೆ ಬಾಹುವಿನ ಎರಡು ತುದಿಯ ಕೋನ ಸೇರಿದರೆ 180, ಅಷ್ಟಕ್ಕೇ ಭರವಸೆ.

ಬಾಣದ ತುದಿಯಂತೆ ಒಳಗೆ ಮಡಚಿದ ಚತುರ್ಭುಜ ಇನ್ನೊಂದು ಗುಂಡಿ. ಮೂರು ಮೂಲೆ 40, 35, 35. ಒಳಮಡಚಿದ ಕಡೆ ಕೋನಮಾಪಕ ಇಟ್ಟರೆ 110 ಅನ್ನುತ್ತೆ. ಕೂಡಿದರೆ ಬರೀ 220. ಅಳೆದದ್ದು ಹೊರಗಿನ ಕೋನ! ಒಳಗಿನದು 250. ಆ 110 ಉಳಿದ ಮೂರರ ಮೊತ್ತವೇ ಅನ್ನೋದನ್ನ ಗಮನಿಸಿದಿರಾ?

ಕೊನೆಗೆ ಬಳೆ. ಹಾಳೆ ಮೇಲಿಟ್ಟು ಸುತ್ತ ಗೆರೆ ಎಳೆದು, ಆ ಗೆರೆ ಮೇಲೆ ಎಲ್ಲಿ ಬೇಕಾದರೂ ನಾಲ್ಕು ಚುಕ್ಕಿ ಇಟ್ಟು ಸಾಲಾಗಿ ಸೇರಿಸಿ. ಎದುರುಬದುರು ಕೋನ ಕೂಡಿ: 180. ಚುಕ್ಕಿ ಜರುಗಿಸಿ, ಮತ್ತೆ ಅಳೆಯಿರಿ. ಒಂದು ಚುಕ್ಕಿಯನ್ನ ಗೆರೆಯಿಂದ ಒಂದು ಬೆರಳು ಒಳಕ್ಕೆ ತಂದರೆ ಲೆಕ್ಕ ಕೆಡುತ್ತೆ, ಆ ಚುಕ್ಕಿಯ ಕೋನ, ಅದರ ಎದುರಿನ ಕೋನ ಸೇರಿ 180 ದಾಟುತ್ತೆ. ಗಾಜಿನ ಬಳೆ ಬೇಡ, ನನ್ನವು ಎರಡು ಹೋಗಿವೆ.