ಹೊತ್ತನ್ನು ಕೂಡಿಡುವ ಕೆರೆ ಕಟ್ಟುವುದು ಹೇಗೆ

ಫ್ಯಾಂಟಸಿ ಕಥೆ ಬರೆಯುವ ಹುಡುಗ ಹುಡುಗಿಯರು ಆಗಾಗ ನನಗೆ ಬರಹ ಕಳಿಸುತ್ತಾರೆ. ಸಮಯವನ್ನು ಹರಳಿನಲ್ಲಿ ತುಂಬಿಡುವ ಲೋಕ ಅದರಲ್ಲಿ ಬಂದೇ ಬರುತ್ತದೆ. ಹರಳು ಹೊಳೆಯುತ್ತದೆ, ರಾಜ ಅದನ್ನು ಒಡೆಯುತ್ತಾನೆ, ಕಾಲ ನಿಲ್ಲುತ್ತದೆ. ಅದಕ್ಕೆ ಸಮಯ ತುಂಬಿದವರು ಯಾರು? ಎಷ್ಟು ಸೋರಿತು? ಬೀಗದ ಕೈ ಯಾರ ಹತ್ತಿರ? ಇದಕ್ಕೆ ಉತ್ತರ ಇರುವುದಿಲ್ಲ. ನಾನು ಜಲವಿದ್ಯುತ್ ಕೇಂದ್ರದ ಕಂಟ್ರೋಲ್ ರೂಮಿನಲ್ಲಿ ಶಿಫ್ಟ್ ಮಾಡಿದವಳು. ಶಕ್ತಿ ಕೂಡಿಡುವುದು ಅಂದ್ರೆ ನನ್ನ ಕಣ್ಣಿಗೆ ಬರುವುದು ಗೇಟು, ಪೈಪು, ಲಾಗ್‌ಬುಕ್ಕು. ಹಾಗಾಗಿ ನನ್ನ ಕಥೆಗಳ ಲೋಕದಲ್ಲಿ ಸಮಯಕ್ಕೆ ಕೆರೆ ಕಟ್ಟಿದ್ದೇನೆ. ಹೆಸರು ಹೊತ್ತುಗೆರೆ. ನೀವೂ ಕಟ್ಟುವುದಾದರೆ ಹೀಗೆ ಶುರು ಮಾಡಿ.

ಮೊದಲು ಅಳತೆ ಗೊತ್ತು ಮಾಡಿ. ನಮ್ಮ ಹಳೇ ಘಳಿಗೆ ಬಟ್ಟಲು ಇದಕ್ಕೆ ಚೆನ್ನಾಗಿ ಒದಗುತ್ತದೆ. ತಳದಲ್ಲಿ ಸಣ್ಣ ತೂತಿರುವ ಬಟ್ಟಲನ್ನು ನೀರಿನ ಮೇಲೆ ತೇಲಿಬಿಡುತ್ತಿದ್ದರು. ಅದು ತುಂಬಿ ಮುಳುಗಿದರೆ ಒಂದು ಘಳಿಗೆ, ಅಂದರೆ 24 ನಿಮಿಷ. ದಿನಕ್ಕೆ 60 ಘಳಿಗೆ. ಹೊತ್ತುಗೆರೆಯಲ್ಲಿ ಬಟ್ಟಲು ಮುಳುಗಿದಾಗಲೆಲ್ಲ ಒಂದು ಘಳಿಗೆ ಕೆರೆಗೆ ಜಮೆ.

ಆ ಘಳಿಗೆ ಯಾರದ್ದು ಎಂದು ಈಗಲೇ ತೀರ್ಮಾನಿಸಿ. ನನ್ನ ಲೋಕದಲ್ಲಿ ಜನ ಕೆರೆ ಏರಿಯ ಮೇಲಿನ ಜಗಲಿಗೆ ಬಂದು ಕೂರುತ್ತಾರೆ. ಬಟ್ಟಲು ತೇಲಿಸುತ್ತಾರೆ. ಮುಳುಗಿದ ಮೇಲೆ ಎದ್ದು ಹೋಗುತ್ತಾರೆ. ಆ 24 ನಿಮಿಷ ಅವರ ಬದುಕಿನಲ್ಲಿ ಇಲ್ಲವೇ ಇಲ್ಲ. ವಯಸ್ಸು ಮಾತ್ರ ಅಷ್ಟು ಮುಂದೆ ಹೋಗಿರುತ್ತದೆ. ಕೂಡಿಟ್ಟ ಹೊತ್ತನ್ನು ಭತ್ತದ ಗದ್ದೆಗೆ ಬಿಟ್ಟರೆ ತೆನೆ ಬೇಗ ಬಲಿಯುತ್ತದೆ. ಬೀಸುವ ಕಲ್ಲಿಗೆ ಬಿಟ್ಟರೆ ಕಲ್ಲು ತಾನಾಗಿ ತಿರುಗುತ್ತದೆ.

ಒಬ್ಬರ ಒಂದು ಘಳಿಗೆಯಿಂದ ಬೆಟ್ಟ ಪುಡಿ ಮಾಡಿಸಬೇಡಿ. ನಿಜವಾದ ಶಕ್ತಿ ಎಷ್ಟು ದುಬಾರಿ ಅಂತ ನೋಡಿ. ಒಂದು ಯೂನಿಟ್ ಕರೆಂಟಿಗೆ 100 ಮೀಟರ್ ಎತ್ತರದಿಂದ ಸುಮಾರು 3,670 ಕಿಲೋ ನೀರು ಬೀಳಬೇಕು. ಅದೂ ನಷ್ಟವನ್ನು ಲೆಕ್ಕಕ್ಕೆ ಹಿಡಿಯದೆ! ಅದಕ್ಕೇ ಅಣೆಕಟ್ಟು ಅಷ್ಟು ದೊಡ್ಡದು. ಹೊತ್ತುಗೆರೆಯಲ್ಲೂ ಒಂದು ಗದ್ದೆ ಒಂದು ವಾರ ಮುಂದೆ ಹೋಗಬೇಕಾದರೆ ಒಂದು ಕೇರಿಯವರೆಲ್ಲ ಸರದಿಯಲ್ಲಿ ಕೂರಬೇಕು.

ಇನ್ನು ಸೋರಿಕೆ. ಲೋಕಕ್ಕೆ ಜೀವ ಬರುವುದೇ ಇಲ್ಲಿ, ನಿಧಾನವಾಗಿ ಯೋಚಿಸಿ. ಕರೆಂಟು ಜಾಸ್ತಿ ಇದ್ದಾಗ ನೀರನ್ನು ಮೇಲಿನ ಜಲಾಶಯಕ್ಕೆ ಪಂಪ್ ಮಾಡಿ, ಬೇಕಾದಾಗ ಕೆಳಗೆ ಬಿಡುವ ಪಂಪ್ಡ್ ಸ್ಟೋರೇಜ್ ಕೇಂದ್ರಗಳಿವೆ. ಹಾಕಿದ ಶಕ್ತಿಯಲ್ಲಿ ಸಾಮಾನ್ಯವಾಗಿ ನೂರಕ್ಕೆ 70ರಿಂದ 80 ಪಾಲು ಮಾತ್ರ ವಾಪಸ್ ಬರುತ್ತದೆ. ನಾನೂ ಹತ್ತು ಘಳಿಗೆ ತುಂಬಿದರೆ ಏಳೂವರೆ ಕೈಗೆ ಸಿಗುವ ಹಾಗೆ ಇಟ್ಟಿದ್ದೇನೆ. ಉಳಿದ ಎರಡೂವರೆ ಏರಿಯ ಬುಡದಲ್ಲಿ ಜಿನುಗುತ್ತದೆ. ಅಲ್ಲಿನ ಮನೆಗಳಲ್ಲಿ ಹೆಪ್ಪು ಹಾಕುವ ಮೊದಲೇ ಹಾಲು ಮೊಸರಾಗಿರುತ್ತದೆ. ಹುಲ್ಲಿನ ಮಾಡು ಎರಡು ಮಳೆಗಾಲ ತಡೆಯುವುದಿಲ್ಲ. ಮಕ್ಕಳ ಅಂಗಿ ಬೇಗ ಗಿಡ್ಡವಾಗುತ್ತದೆ. ಅಲ್ಲಿಗೆ ಹೆಣ್ಣು ಕೊಡಲು ಊರವರು ಹಿಂದೆ ಮುಂದೆ ನೋಡುತ್ತಾರೆ. ಇಷ್ಟು ಬರೆದಾಗ ಕಥೆ ತಾನಾಗಿ ನಡೆಯತೊಡಗಿತು.

ಹೂಳನ್ನೂ ಮರೆಯಬೇಡಿ. ಯಾವ ಕೆರೆಗೂ ಅದು ತಪ್ಪಿದ್ದಲ್ಲ. ಕೂತವರು ಬದುಕದೇ ಬಿಟ್ಟ ಹೊತ್ತಿನ ಚೂರುಗಳು ಹೊತ್ತುಗೆರೆಯ ತಳದಲ್ಲಿ ನಿಲ್ಲುತ್ತವೆ. ಬೇಸಿಗೆಯಲ್ಲಿ ಅದನ್ನು ತೆಗೆದು, ನಮ್ಮ ರೈತರು ಮಾಡುವ ಹಾಗೆಯೇ ಹೊಲಕ್ಕೆ ಹೊಡೆಯುತ್ತಾರೆ. ಆ ಹೊಲದ ರಾಗಿ ಉಂಡವರಿಗೆ ಗುರುತಿಲ್ಲದವರ ಸಂಜೆಗಳು ಕನಸಿನಲ್ಲಿ ಬರುತ್ತವೆ.

ತೂಬು, ಕೋಡಿ ಎರಡೂ ಇರಲಿ. ತೂಬು ಎತ್ತುವ ಅಧಿಕಾರ ಒಬ್ಬರಿಗೇ ಕೊಡಿ. ನಮ್ಮ ಕೆರೆಗಳಿಗೆ ನೀರುಗಂಟಿ ಇದ್ದ ಹಾಗೆ ಇಲ್ಲಿ ಹೊತ್ತುಗಂಟಿ. ಕೋಡಿ ಬಿದ್ದರೆ ಹೆಚ್ಚಾದ ಹೊತ್ತು ಕೆಳಗಿನ ಕೆರೆಗೆ ಹೋಗಬೇಕು. ಸರಪಳಿಯ ಕೊನೆಯ ಕೆರೆಯೂ ತುಂಬಿದರೆ ಏನಾಗುತ್ತದೆ ಅಂತಲೂ ಹೇಳಿ. ನನ್ನಲ್ಲಿ ಕೆಳಗಿನ ಕೇರಿಗೆ ಒಂದೇ ದಿನ ಎರಡು ಸಂಜೆ ಆಗುತ್ತದೆ.

ಹಲವು ಕೆರೆ ಜೋಡಿಸಿದರೆ ಎಲ್ಲದರ ಬಡಿತ ಒಂದೇ ಆಗಿರಬೇಕು. ಕೇಂದ್ರಗಳನ್ನೆಲ್ಲ ಜೋಡಿಸುವ ವಿದ್ಯುತ್ ಜಾಲ, ಅಂದರೆ ಗ್ರಿಡ್‌ನಲ್ಲಿ ನಾವು 50 ಹರ್ಟ್ಸ್, ಅಂದರೆ ಸೆಕೆಂಡಿಗೆ 50 ಬಡಿತ, ಕಾಯುವುದು ಇದೇ ಕೆಲಸ. 2018ರಲ್ಲಿ ಕೊಸೊವೊ, ಸರ್ಬಿಯಾ ನಡುವಿನ ಜಗಳದಿಂದ ಅಲ್ಲಿ ವಿದ್ಯುತ್ ಕಡಿಮೆ ಬಿದ್ದು, ಯುರೋಪಿನ ಗ್ರಿಡ್ ಕೂದಲೆಳೆಯಷ್ಟು ನಿಧಾನವಾಯಿತು. ಗ್ರಿಡ್‌ನ ಬಡಿತ ನಂಬಿ ನಡೆಯುವ ಗಡಿಯಾರಗಳು ಕೆಲವು ವಾರಗಳಲ್ಲಿ ಸುಮಾರು ಆರು ನಿಮಿಷ ಹಿಂದೆ ಬಿದ್ದವು. ಒಂದು ಮೂಲೆಯಲ್ಲಿ ಲೆಕ್ಕ ತಪ್ಪಿದ್ದಕ್ಕೆ ದೂರದ ಅಡುಗೆಮನೆಯ ಓವನ್ ಗಡಿಯಾರವೂ ತಪ್ಪಿತು. ಇದಕ್ಕಿಂತ ಒಳ್ಳೆಯ ಕಥಾವಸ್ತು ಬೇಕಾ?

ಕೆರೆ ಎಲ್ಲಿ ಕಟ್ಟುತ್ತೀರಿ ಅನ್ನುವುದನ್ನು ಸುಮ್ನೆ ನಕ್ಷೆಯಲ್ಲಿ ಚುಕ್ಕಿ ಇಟ್ಟು ಮುಗಿಸಬೇಡಿ. ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿಯಿತು. ಶರಾವತಿ ಮುಳುಗಡೆಯವರು ಇವತ್ತಿಗೂ ಜಮೀನಿನ ಹಕ್ಕಿಗಾಗಿ ಓಡಾಡುತ್ತಿದ್ದಾರೆ. ಆ ನೀರಿನ ಬೆಳಕು ದೂರದ ಊರುಗಳಿಗೆ ಹೋಯಿತು. ನಾನು ಆ ಬೆಳಕನ್ನು ಕಳಿಸುವ ಕೆಲಸದಲ್ಲೇ ಸಂಬಳ ತಗೊಂಡವಳು, ಹಾಗಾಗಿ ಇದನ್ನು ಬಿಟ್ಟು ಬರೆಯಲು ನನಗೆ ಮನಸ್ಸು ಒಪ್ಪುವುದಿಲ್ಲ. ನಿಮ್ಮ ಕೆರೆಯ ಕೆಳಗೆ ಯಾರ ಊರು ಹೋಯಿತು, ಅವರಿಗೆ ಎಷ್ಟು ಘಳಿಗೆ ಪರಿಹಾರ ಸಿಕ್ಕಿತು, ಬರೆದಿಟ್ಟುಕೊಳ್ಳಿ. ಜಗಲಿಯಲ್ಲಿ ಜಾಸ್ತಿ ಹೊತ್ತು ಕೂರುವವರು ಯಾವ ಕೇರಿಯವರು, ಅದನ್ನೂ.

ಕಥೆಯ ಮೊದಲ ಸಾಲು ಬರೆಯುವ ಮುಂಚೆ ಹೊತ್ತುಗಂಟಿಯ ಒಂದು ದಿನದ ಲಾಗ್‌ಬುಕ್ ಬರೆಯಿರಿ. ಬೆಳಿಗ್ಗೆ ಕೆರೆಯ ಮಟ್ಟ, ಯಾರು ಎಷ್ಟು ಘಳಿಗೆ ಹಾಕಿದರು, ಯಾವ ತೂಬು ಎಷ್ಟು ಹೊತ್ತು ತೆರೆದಿತ್ತು, ಸೋರಿದ್ದೆಷ್ಟು, ಯಾರು ಜಗಳಕ್ಕೆ ಬಂದರು. ಸಂಜೆ ಜಮೆ, ಖರ್ಚು ಕೂಡಿಸಿ ನೋಡಿ. ತಾಳೆ ಆಗದ ಘಳಿಗೆ ಸಿಕ್ಕರೆ ಅದನ್ನು ಕದ್ದವರು ಯಾರು ಅಂತ ಹುಡುಕಿಕೊಂಡು ಹೋಗಿ, ಕಥೆ ಅಲ್ಲಿಂದ ಶುರು ಮಾಡಿ.